ಹದ್ದಿಗೆ ಇಟ್ಟ ಬಂಗುಡೆ

ಆ ಮರ ಯಾವ ಊರಿನದು ಎಂದು ಬಹಳ ಜನ ಕೇಳಿದ್ದಾರೆ. ಬೈಂದೂರಿನಿಂದ ಕುಂದಾಪುರದ ಕಡೆಗೆ ಬರುವಾಗ ಹೆದ್ದಾರಿ ಬಿಟ್ಟು ಪಡುವಣಕ್ಕೆ ಇಳಿದರೆ, ಹೊಳೆಗಳು ಕಡಲು ಸೇರುವಲ್ಲಿ ಒಂದೊಂದು ಅಳಿವೆ ಸಿಗುತ್ತದೆ. ಅಂಥ ಒಂದು ಅಳಿವೆಯ ಹತ್ತಿರ ಎಂಬಷ್ಟನ್ನು ಮಾತ್ರ ಹೇಳುತ್ತಾ ಬಂದಿದ್ದೇನೆ. ಹೆಸರು ಹೇಳಿದರೆ ಮುಂದಿನ ಭಾನುವಾರವೇ ಅಲ್ಲಿ ಉದ್ದುದ್ದ ಲೆನ್ಸುಗಳು ಸಾಲಾಗಿ ನಿಲ್ಲುತ್ತವೆ, ಯಾರಾದರೊಬ್ಬರು ಡ್ರೋನು ಹಾರಿಸುತ್ತಾರೆ. ಈಗ ಆ ಮರದಲ್ಲಿ ಗೂಡೇ ಇಲ್ಲ. ಆದರೂ ಇಲ್ಲಿ ಬರೆಯಲು ಕೈ ಬರುತ್ತಿಲ್ಲ. ಹೇಳದೇ ಇರುವುದು ಅಭ್ಯಾಸವಾಗಿಬಿಟ್ಟಿದೆ.

ಕ್ಯಾಮೆರಾ ನನಗೆ ಹುಟ್ಟಿದ ಮನೆಯಿಂದಲೇ ಬಂದದ್ದು. ಸಾಲಿಗ್ರಾಮದಲ್ಲಿ ಹೆದ್ದಾರಿಯ ಬದಿಗೆ ಅಪ್ಪಯ್ಯನಿಗೆ ಒಂದು ಸ್ಟುಡಿಯೋ ಇತ್ತು. ಪಾಸ್‌ಪೋರ್ಟ್ ಫೋಟೋ, ಮದುವೆ, ಉಪನಯನ, ತೀರಿಹೋದವರ ಹಳೆಯ ಪಟವನ್ನು ದೊಡ್ಡದು ಮಾಡಿ ಕಟ್ಟು ಹಾಕಿಸಿ ಕೊಡುವುದು, ಇದೇ ಕೆಲಸ. ಯಕ್ಷಗಾನ ಮೇಳದ ವೇಷಧಾರಿಗಳೂ ಬರುತ್ತಿದ್ದರು. ರಂಗಸ್ಥಳದಲ್ಲಿ ರಾಜನಾಗಿ ಮೆರೆಯುವವರು ಬ್ಯಾಂಕಿಗೆ ಬೇಕಾದ ಒಂದು ಫೋಟೋಕ್ಕೆ ಕೂತಾಗ, ಬಣ್ಣವಿಲ್ಲದ ಮುಖವನ್ನು ಹೇಗೆ ಇಟ್ಟುಕೊಳ್ಳುವುದೆಂದು ತಿಳಿಯದೆ ಒದ್ದಾಡುತ್ತಿದ್ದರು. ಅಪ್ಪಯ್ಯ ಗಡಿಬಿಡಿ ಮಾಡುತ್ತಿರಲಿಲ್ಲ. ಏನೋ ಊರ ಸುದ್ದಿ ತೆಗೆದು, ಎದುರಿಗಿದ್ದವರು ಕ್ಯಾಮೆರಾ ಇದೆ ಎಂಬುದನ್ನೇ ಮರೆತಾಗ ಗುಂಡಿ ಒತ್ತುತ್ತಿದ್ದರು. ಶಾಲೆ ಬಿಟ್ಟು ಬಂದು ಅಲ್ಲೇ ಸ್ಟೂಲಿನ ಮೇಲೆ ಕೂರುತ್ತಿದ್ದ ನಾನು ಕಲಿತದ್ದು ಅದೊಂದನ್ನೇ ಇರಬೇಕು, ಕಾಯುವುದು.

ಹೆಣ್ಣುಹುಡುಗಿ ಮದುವೆ ಮನೆಗಳಲ್ಲಿ ವಿಡಿಯೋ ಹಿಡಿದರೆ ಆಗಲೇ ಜನ ತಿರುಗಿ ನೋಡುತ್ತಿದ್ದರು. ನಾನು ಅದನ್ನೂ ಬಿಟ್ಟು ಕಾಡುಪ್ರಾಣಿಗಳ ಚಿತ್ರ ಮಾಡುವ ತಂಡಗಳ ಜೊತೆ ಹೊರಟಾಗ ಅಮ್ಮ, “ಆನೆ, ಹುಲಿ ಎಲ್ಲ ನಿನ್ನನ್ನೇ ಕಾಯ್ತಾ ಇದ್ವಾ?” ಎಂದು ಕೇಳಿದ್ದರು. ಕೆಲವು ವರ್ಷ ಬೇರೆ ಬೇರೆ ತಂಡಗಳಲ್ಲಿ ಸಹಾಯಕಿಯಾಗಿ, ಆಮೇಲೆ ಎರಡನೇ ಕ್ಯಾಮೆರಾ ಹಿಡಿಯುವವಳಾಗಿ ಊರೂರು ತಿರುಗಿದೆ. ಒಳ್ಳೆಯ ಕೆಲಸವೇ. ಅದು ಮುಗಿದದ್ದು ನಮ್ಮದೇ ಸೀಮೆಯಲ್ಲಿ, ವಂಡ್ಸೆಯಿಂದ ಮೇಲೆ, ಕೊಲ್ಲೂರಿನ ದಾರಿಯಲ್ಲಿ.

ಹೊರಗಿನಿಂದ ಬಂದ ಒಂದು ತಂಡ ಅಲ್ಲಿ ಮನೆಯೊಂದನ್ನು ಬಾಡಿಗೆಗೆ ಹಿಡಿದಿತ್ತು. ಊರವಳೆಂದು ನನ್ನನ್ನು ಸೇರಿಸಿಕೊಂಡಿದ್ದರು. ಒಂದು ಬೆಳಿಗ್ಗೆ ಹೋಗಿ ನೋಡಿದರೆ ಅಂಗಳದಲ್ಲಿ ದೊಡ್ಡ ಗಾಜಿನ ಪೆಟ್ಟಿಗೆ. ಅದರೊಳಗೆ ಪಾಚಿ, ಒಣ ಎಲೆ, ಸಣ್ಣ ಟೊಂಗೆ, ಎಲ್ಲ ಜೋಡಿಸಿ ಥೇಟು ಕಾಡಿನ ಹಾಗೆ ಮಾಡಿದ್ದರು. ಟೊಂಗೆಯ ಮೇಲೆ ಹಸಿರು ಮಂಡಲದ ಹಾವು. ಒಬ್ಬ ಕೈಯಲ್ಲಿ ಕಪ್ಪೆ ಹಿಡಿದುಕೊಂಡು ನಿರ್ದೇಶಕರ ಮಾತಿಗೆ ಕಾಯುತ್ತಿದ್ದ.

“ಇದು ಕಾಡಿನಲ್ಲಿ ನಡೆಯುವುದಿಲ್ಲವೇ? ನಡೆಯುತ್ತದೆ. ನಾವು ಸ್ವಲ್ಪ ಬೇಗ ನಡೆಸುತ್ತಿದ್ದೇವೆ ಅಷ್ಟೇ,” ಎಂದರು ನಿರ್ದೇಶಕರು.

“ಹಾಗಾದರೆ ಗಾಜಿನ ಪೆಟ್ಟಿಗೆಯನ್ನೂ ತೋರಿಸೋಣ,” ಎಂದೆ.

ಅವರು ತಮಾಷೆಯೆಂದು ತಿಳಿದು ನಕ್ಕರು. ನಾನು ಲೆನ್ಸಿಗೆ ಮುಚ್ಚಳ ಹಾಕಿದೆ. ಆಗ ನಗು ನಿಂತಿತು. ಸ್ವಲ್ಪ ಮಾತಾಯಿತು, ಆಮೇಲೆ ಮಾತೂ ನಿಂತಿತು. ನನ್ನ ಚೀಲ ಹೆಗಲಿಗೆ ಹಾಕಿಕೊಂಡು ರಸ್ತೆಗೆ ಬಂದು ಕುಂದಾಪುರದ ಬಸ್ಸಿಗೆ ಕಾದೆ. ಹಿಂದಿನಿಂದ ಯಾರೂ ಕರೆಯಲಿಲ್ಲ. ಆ ಕಪ್ಪೆ ಏನಾಯಿತೆಂದು ನನಗೆ ಗೊತ್ತು, ಮುಂದೆ ಟೀವಿಯಲ್ಲಿ ನೋಡಿದೆ.

ಅಲ್ಲಿಂದ ನನಗೆ ಫೋನು ಬರುವುದು ಕಡಿಮೆಯಾಯಿತು. ಯಾರೂ ಬೈಯಲಿಲ್ಲ. “ಅವಳು ಸ್ವಲ್ಪ ಕಷ್ಟ” ಎಂದು ಒಬ್ಬರಿಗೊಬ್ಬರು ಹೇಳಿಕೊಂಡರಂತೆ. ಅಪ್ಪಯ್ಯ ಅಷ್ಟರಲ್ಲಿ ತೀರಿಕೊಂಡಿದ್ದರು, ಸ್ಟುಡಿಯೋ ಇದ್ದ ಜಾಗದಲ್ಲಿ ಮೊಬೈಲ್ ಅಂಗಡಿ ಬಂದಿತ್ತು, ಅಮ್ಮ ನನ್ನ ತಂಗಿಯ ಮನೆಯಲ್ಲಿದ್ದರು. ನಾನು ಬ್ರಹ್ಮಾವರದಲ್ಲಿ ಒಂದು ಮಾಳಿಗೆಯ ಕೋಣೆ ಹಿಡಿದೆ. ಹೊಟ್ಟೆಪಾಡಿಗೆ ಬೇಸಿಗೆಯಲ್ಲಿ ಮದುವೆಗಳಿದ್ದವು. ಉಳಿದ ದಿನ ಕ್ಯಾಮೆರಾ ಹೊತ್ತು ಹೊಳೆದಂಡೆಗಳಲ್ಲಿ ತಿರುಗುತ್ತಿದ್ದೆ. ಯಾವ ಹಕ್ಕಿ ಎಲ್ಲಿ ಗೂಡು ಕಟ್ಟಿದೆ ಎಂದು ಹೇಳದವಳನ್ನು ಫೋಟೋ ತೆಗೆಯುವ ಗೆಳೆಯರು ಎಷ್ಟು ದಿನ ಜೊತೆಗೆ ಕರೆದುಕೊಂಡು ಹೋದಾರು? ಅವರ ಗುಂಪಿನ ಸಂದೇಶಗಳೂ ಬರುವುದು ನಿಂತವು. ಕೆಲವು ವಾರ ನಾನು ಆಡಿದ ಮಾತೆಂದರೆ ಬಸ್ಸಿನ ಕಂಡಕ್ಟರಿಗೆ ಹೇಳಿದ ಊರಿನ ಹೆಸರು, ಹೋಟೆಲಿನಲ್ಲಿ ಹೇಳಿದ “ಒಂದು ಚಾ”, ಇಷ್ಟೇ.

ಹದ್ದನ್ನು ನಾನು ಮೊದಲು ಕಂಡದ್ದು ಸೇತುವೆಯ ಮೇಲೆ ನಿಂತಿದ್ದಾಗ. ಬಿಳಿ ತಲೆ, ಬಿಳಿ ಹೊಟ್ಟೆ, ಬೂದು ಬಣ್ಣದ ಅಗಲ ರೆಕ್ಕೆ. ನಮ್ಮ ಕಡೆ ದಿನವೂ ಕಾಣುವ ಕೆಂಪು ಗರುಡ ಅದರ ಪಕ್ಕ ಹಾರಿದರೆ ಕಾಗೆಯಂತೆ ಕಾಣುತ್ತದೆ. ಪುಸ್ತಕಗಳಲ್ಲಿ ಕಡಲ ಹದ್ದು ಎನ್ನುತ್ತಾರೆ. ಊರವರಿಗೆ ಅದು ‘ದೊಡ್ಡ ಹದ್ದು’. ಅದರ ಕಾಲಿನಲ್ಲಿ ಕಡಲ ಹಾವೊಂದು ಹಗ್ಗದ ಹಾಗೆ ಜೋತಾಡುತ್ತಿತ್ತು. ಸಮುದ್ರ ಬಿಟ್ಟು ಒಳನಾಡಿನ ಕಡೆಗೆ ಹಾರುತ್ತಿತ್ತೆಂದರೆ ಎಲ್ಲೋ ಗೂಡಿದೆ ಎಂದೇ ಅರ್ಥ. ಅದು ಹೋದ ದಿಕ್ಕನ್ನು ನೆನಪಿಟ್ಟುಕೊಂಡು ಮರುದಿನ ಇನ್ನಷ್ಟು ಮುಂದೆ ನಿಂತೆ, ಅದರ ಮರುದಿನ ಇನ್ನಷ್ಟು ಮುಂದೆ. ಹೀಗೆ ತೆಂಗಿನ ತೋಟವೊಂದರ ಬೇಲಿಯ ತನಕ ಬಂದೆ. ತೋಟದ ಆಚೆ ತುದಿಯಲ್ಲಿ ಮುಗಿಲಿಗೆ ಚಾಚಿದ ಒಂದು ಕಾಟು ಮಾವಿನ ಮರ. ಅದರ ಕವಲಿನಲ್ಲಿ ಕಟ್ಟಿಗೆಯ ಹೊರೆಯಷ್ಟು ದೊಡ್ಡ ಗೂಡು.

ಬೇಲಿಯ ಹತ್ತಿರ ದುರ್ಬೀನು ಹಿಡಿದು ನಿಂತಿದ್ದವಳನ್ನು ಹಿಂದಿನಿಂದ ಒಂದು ದನಿ ಹಿಡಿಯಿತು.

“ಹ್ವಾಯ್, ಯಾರದ್? ಎಂತ ಬೇಕಿತ್ತ್?”

ತಿರುಗಿ ನೋಡಿದೆ. ಕೈಯಲ್ಲಿ ಹಿಡಿಸೂಡಿ ಹಿಡಿದ ಹೆಂಗಸು, ನನಗಿಂತ ಹತ್ತು ಹದಿನೈದು ವರ್ಷಕ್ಕೆ ದೊಡ್ಡವರು.

“ಹಕ್ಕಿ ಕಾಂಬುಕ್ ಬಂದದ್ದ್ ಅಕ್ಕ. ಅಲ್ ಕಾಣಿ, ಮಾವಿನ್ ಮರದಲ್ಲಿ.”

“ಓ, ಅದಾ? ಅದ್ ಹಾಕು ಹೊಲ್ಸ್ ಎಷ್ಟ್ ಅಂತ ನಿಂಗ್ ಗೊತ್ತಿತ್ತಾ? ಮೀನಿನ್ ತಲಿ, ಹಾವಿನ್ ಮುಳ್ಳ್. ದಿನಾ ಗುಡ್ಸಿ ಗುಡ್ಸಿ ಸಾಕಾಯ್ತ್. ಈ ಸಲ ಆ ಗೆಲ್ಲ್ ಕಡ್ಸುದೇ ಅಂತ ಇವ್ರ್ ಹೇಳಿದ್ರ್.”

ಇವರು ಎಂದರೆ ಗಂಡ. ಅವರದು ಬೊಂಬಾಯಿಯಲ್ಲಿ ಹೋಟೆಲು. ಅಕ್ಕ ಮದುವೆಯಾದಂದಿನಿಂದ ಅಲ್ಲೇ ಇದ್ದವರು, ತೋಟ ನೋಡಿಕೊಳ್ಳಲು ಮತ್ತು ಹೊಸ ಮನೆ ಕಟ್ಟಿಸಲು ಊರಿಗೆ ಬಂದಿದ್ದರು. ಮನೆ ಅರ್ಧಕ್ಕೆ ನಿಂತಿತ್ತು. ಗೋಡೆ ಎದ್ದಿತ್ತು, ಮಾಳಿಗೆಗೆ ಮೆಟ್ಟಿಲೂ ಆಗಿತ್ತು, ಕಿಟಕಿಗಳಿಗೆ ಚೌಕಟ್ಟು ಕೂರಿಸಿರಲಿಲ್ಲ. ಅಕ್ಕ ಪಕ್ಕದ ಹಳೆಯ ಮನೆಯಲ್ಲಿ ಇದ್ದರು. ಗಂಡ ವರ್ಷಕ್ಕೊಮ್ಮೆ ಬಂದು, ಮೇಸ್ತ್ರಿಯನ್ನು ಬೈದು, ಹೋಗುತ್ತಿದ್ದರು.

ಗೆಲ್ಲು ಕಡಿಯಬೇಡಿ ಎಂದು ಕೇಳಿಕೊಂಡೆ. ಈ ಹದ್ದುಗಳು ವರ್ಷವರ್ಷವೂ ಅದೇ ಗೂಡಿಗೆ ಬರುತ್ತವೆ, ಗಂಡು ಹೆಣ್ಣು ಜೋಡಿ ಬಿಡುವುದಿಲ್ಲ ಎಂದೆಲ್ಲ ಹೇಳಿದೆ. ಅಕ್ಕ ಹಿಡಿಸೂಡಿಯನ್ನು ಗೋಡೆಗೆ ಒರಗಿಸಿ, “ಅಚ್ಛಾ, ಜೋಡಿ ಬಿಡುದಿಲ್ಯಾ?” ಎಂದು ಮರದ ತುದಿಯನ್ನು ಬಹಳ ಹೊತ್ತು ನೋಡಿದರು. “ಹಂಗಾರ್ ಇರ್ಲಿ ಬಿಡ್.”

ಹೊಸ ಮನೆಯ ಮಾಳಿಗೆಯಿಂದ ಗೂಡು ನೇರವಾಗಿ ಕಾಣುತ್ತಿತ್ತು. ಹದ್ದಿಗೆ ಭಯವಾಗದಷ್ಟು ದೂರವೂ ಇತ್ತು. ಚೌಕಟ್ಟಿಲ್ಲದ ಕಿಟಕಿಗೆ ಗೋಣಿಚೀಲ ಇಳಿಬಿಟ್ಟು, ಲೆನ್ಸಿನಷ್ಟೇ ತೂತು ಮಾಡಿ ಒಳಗೆ ಕೂತೆ. ನಡುವೆ ಅಡ್ಡ ಬರುತ್ತಿದ್ದ ತೆಂಗಿನ ಗರಿಯೊಂದನ್ನು ಕಡಿಸಿಕೊಡಲೇ ಎಂದು ಅಕ್ಕ ಕೇಳಿದರು. ಬೇಡವೆಂದೆ. ಗಾಳಿ ಬಂದಾಗ ಆ ಗರಿ ಗೂಡಿನ ಮುಂದೆ ಹಾದುಹೋಗುವುದು ನನ್ನ ಚಿತ್ರದ ಉದ್ದಕ್ಕೂ ಇದೆ.

“ನಾನ್ ಮರದ್ ಬುಡಕ್ಕೆ ಹೋಪುಕಾಗ್ದಾ ಹಂಗಾರೆ?” ಎಂದು ಅಕ್ಕ ಕೇಳಿದರು.

“ನೀವ್ ಹೋಪುದಕ್ಕೆ ಎಂತ ತೊಂದ್ರಿ ಇಲ್ಲೆ. ನಿಮ್ಮನ್ ಕಂಡ್ ಅದ್ಕ್ ಅಭ್ಯಾಸ ಇತ್ತ್. ನಾನ್ ಹೋಪುಕಾಗ.”

ಇದು ಅವರಿಗೆ ಬಹಳ ಹಿಡಿಸಿತು. ತಮ್ಮನ್ನು ಒಂದು ಹದ್ದು ಗುರುತು ಹಿಡಿಯುತ್ತದೆ ಎಂಬುದನ್ನು ಅವರು ಫೋನಿನಲ್ಲಿ ಬೊಂಬಾಯಿಗೂ ಹೇಳಿದರು.

ಮಳೆಗಾಲ ಮುಗಿದು ಬಿಸಿಲು ಏರುವ ಹೊತ್ತಿಗೆ ಹದ್ದುಗಳು ಬರುತ್ತಿದ್ದವು, ಬೇಸಿಗೆ ಕಾಲಿಡುವಾಗ ಮರಿ ಹಾರಿಹೋಗುತ್ತಿತ್ತು. ಆ ತಿಂಗಳುಗಳೆಲ್ಲ ನಾನು ಬೆಳಕು ಹರಿಯುವ ಮುಂಚೆ ಬ್ರಹ್ಮಾವರದಿಂದ ಸ್ಕೂಟರಿನಲ್ಲಿ ಹೊರಟು, ಗೋಣಿಯ ಹಿಂದೆ ಸೇರಿಕೊಂಡರೆ ಇಳಿಯುವುದು ಸಂಜೆಗೇ. ಮಾತಾಡುವಂತಿಲ್ಲ, ಕೆಮ್ಮುವಂತಿಲ್ಲ. ಫೋನು ಆಫ್. ಸಿಮೆಂಟಿನ ವಾಸನೆ, ಬಾವಲಿಯ ಹಿಕ್ಕೆ. ಕೂತು ಕೂತು ನನ್ನ ಮೈಯೇ ನನಗೆ ಬೇರೆ ಯಾರದೋ ಅನ್ನಿಸುತ್ತಿತ್ತು. ಬೆಳಿಗ್ಗೆ ಗಂಡು ಹೆಣ್ಣು ಎರಡೂ ಕತ್ತು ಮೇಲೆತ್ತಿ ಒಟ್ಟಿಗೆ ಕೂಗುತ್ತಿದ್ದವು, ಒಂದು ಬಿಟ್ಟ ಕಡೆ ಇನ್ನೊಂದು ಹಿಡಿಯುವ ಹಾಗೆ. ಹೆಣ್ಣು ಗಾತ್ರದಲ್ಲಿ ದೊಡ್ಡದು. ಗಂಡು ಮೀನು ತಂದುಕೊಟ್ಟು ಪಕ್ಕದ ಗೆಲ್ಲಿನಲ್ಲಿ ಕೂರುತ್ತಿತ್ತು. ಕೆಲವೊಮ್ಮೆ ಮೀನಿಲ್ಲದೆ, ಹಸಿ ಎಲೆಗಳಿರುವ ಒಂದು ಟಿಸಿಲು ಮಾತ್ರ ತಂದು ಗೂಡಿನೊಳಗೆ ಇಡುತ್ತಿತ್ತು. ಹೆಣ್ಣು ಅದನ್ನು ಎತ್ತಿ ಬೇರೆ ಕಡೆ ಇಡುತ್ತಿತ್ತು. ನಾನು ಒಬ್ಬಳೇ ನಗುತ್ತಿದ್ದೆ, ಅದೂ ಶಬ್ದವಿಲ್ಲದೆ.

ನಮ್ಮ ಮನೆಯಲ್ಲಿ ಮೀನು ಒಳಗೆ ಬಂದದ್ದಿಲ್ಲ. ಈಗ ನೋಡಿದರೆ ದಿನವಿಡೀ ಮೀನು ಹರಿದು ತಿನ್ನುವುದನ್ನೇ ನೋಡುವ ಕೆಲಸ. ಅಮ್ಮನಿಗೆ ಹೇಳಿದರೆ, “ಅದ್ನ ಕಂಡ್ಕಂಡ್ ನೀ ಉಂಬುದ್ ಹ್ಯಾಂಗೆ?” ಎಂದರು.

ಉಣ್ಣಿಸುತ್ತಿದ್ದವರು ಅಕ್ಕ. ಮೊದಲ ದಿನ ಕೆಳಗಿನಿಂದ “ಹ್ವಾಯ್, ಗಂಜಿ ಆಯ್ತ್!” ಎಂದು ಕೂಗಿದ್ದಕ್ಕೆ ಹದ್ದು ಎದ್ದು ನಿಂತಿತ್ತು. ಆಮೇಲೆ ಕೂಗಲಿಲ್ಲ. ಊಟ ಸಿದ್ಧವಾದರೆ ಬಾವಿಕಟ್ಟೆಯ ಮೇಲೆ ಮೈ ಒರೆಸುವ ಕೆಂಪು ಬೈರಾಸು ಹರವುತ್ತಿದ್ದರು. ನಾನು ಹಿಂದಿನ ಮೆಟ್ಟಿಲಿಳಿದು ಹೋಗಿ ಉಪ್ಪಿನಕಾಯಿಯ ಜೊತೆ ಗಂಜಿ ಉಂಡು ಬರುತ್ತಿದ್ದೆ. ಎದುರಿಗೆ ಕೂತು ಅಕ್ಕ ಬೊಂಬಾಯಿಯ ಚಾಳಿನ ಸುದ್ದಿ ಹೇಳುತ್ತಿದ್ದರು, ಗಣಪತಿ ಹಬ್ಬ, ನಲ್ಲಿಯ ನೀರಿನ ಜಗಳ, ಪಕ್ಕದ ಮನೆಯ ಮರಾಠಿ ಗೆಳತಿ. ಅವರಿಗೆ ಊರಿನಲ್ಲಿ ಮಾತಾಡುವವರು ಇರಲಿಲ್ಲ. ಹುಟ್ಟಿದೂರೇ ಆದರೂ ಇಷ್ಟು ವರ್ಷ ಆಚೆ ಇದ್ದು ಬಂದವರಿಗೆ ನೆರೆಹೊರೆ ಮತ್ತೆ ಹತ್ತಿರವಾಗಿರಲಿಲ್ಲ. ದಿನವಿಡೀ ಬಾಯಿ ಮುಚ್ಚಿ ಕೂತ ನಾನು, ಕೇಳುವವರಿಲ್ಲದ ಅವರು. ಗೆಳೆತನ ಎಂದು ನಾವು ಅದನ್ನು ಯಾವತ್ತೂ ಕರೆಯಲಿಲ್ಲ. ಉಂಡು ಕೈ ತೊಳೆದು ನಾನು ಮೇಲೆ ಹೋಗುತ್ತಿದ್ದೆ.

ಹೀಗೆ ಎರಡು ಸಲ ಮರಿಗಳು ಹಾರಿದವು. ಮುಂದಿನ ಸಲ ಮುಂಬಯಿಯ ಒಂದು ಸಂಸ್ಥೆ ನನ್ನ ತುಣುಕುಗಳನ್ನು ನೋಡಿ ಪೂರ್ತಿ ಚಿತ್ರ ಮಾಡಿಕೊಡಿ ಎಂದಿತು. ಬಹಳ ವರ್ಷಗಳ ಮೇಲೆ ನನ್ನನ್ನು ನಂಬಿ ಯಾರೋ ಕರೆದಿದ್ದರು. ಆ ವರ್ಷ ಒಂದೇ ಮರಿ. ಅದಕ್ಕೆ ಕಂದು ಗರಿ ಮೂಡುತ್ತಿದ್ದ ಹೊತ್ತಿಗೆ, ಒಂದು ಬೆಳಿಗ್ಗೆ, ಗಂಡು ಹದ್ದು ಗಾಳಿಮರಗಳ ಮೇಲಿನಿಂದ ಕಡಲ ಕಡೆಗೆ ಹಾರಿತು. ಮಧ್ಯಾಹ್ನವಾಯಿತು, ಸಂಜೆಯಾಯಿತು, ತಿರುಗಿ ಬರಲಿಲ್ಲ.

ಮರುದಿನ ಬೆಳಿಗ್ಗೆ ಹೆಣ್ಣು ಒಂದೇ ಕೂಗಿತು. ಇನ್ನೊಂದು ಹಿಡಿಯಬೇಕಾದ ಕಡೆ ಬಿಟ್ಟು ಕಾಯಿತು. ಮತ್ತೆ ಕೂಗಿತು. ನಾನು ಗೋಣಿಯ ಹಿಂದೆ ಕ್ಯಾಮೆರಾ ನಡೆಸುತ್ತಾ ಇದ್ದೆ, ಶಬ್ದ ಸರಿಯಾಗಿ ದಾಖಲಾಗುತ್ತಿದೆಯೇ ಎಂದು ಕಿವಿಗೆ ಹಾಕಿಕೊಂಡ ಹೆಡ್‌ಫೋನಿನಲ್ಲಿ ಆ ಬಿಟ್ಟ ಜಾಗ ಬಹಳ ದೊಡ್ಡದಾಗಿ ಕೇಳುತ್ತಿತ್ತು. ಆ ದಿನ ಸಂಜೆ ಕಡಲ ದಂಡೆಯ ಉದ್ದಕ್ಕೂ ನಡೆದೆ. ದೋಣಿಯವರನ್ನು ಕೇಳಿದೆ. ಬಲೆಗೆ ಸಿಕ್ಕಿರಬಹುದು, ಕರೆಂಟಿನ ತಂತಿಗೆ ತಾಗಿರಬಹುದು ಎಂದರು. ಯಾರೂ ಕಂಡಿರಲಿಲ್ಲ. ಏನಾಯಿತೆಂದು ನನಗೆ ಇಂದಿಗೂ ಗೊತ್ತಿಲ್ಲ.

ಹೆಣ್ಣಿಗೆ ಈಗ ಕಷ್ಟವಿತ್ತು. ಬೇಟೆಗೆ ಹೋದರೆ ಮರಿಯ ಮೇಲೆ ಕಾಗೆಗಳು ಎರಗುತ್ತಿದ್ದವು, ಹೋಗದಿದ್ದರೆ ಮರಿಗೆ ಉಪವಾಸ. ಅದು ಸ್ವಲ್ಪ ದೂರ ಹಾರಿ, ಕಾಗೆಯ ಸದ್ದು ಕೇಳಿದ ಕೂಡಲೇ ಬೇಟೆಯಿಲ್ಲದ ಬರಿಗಾಲಿನಲ್ಲಿ ವಾಪಸು ಬರುತ್ತಿತ್ತು. ಮರಿ ಅರಚುತ್ತಿತ್ತು. ಅಕ್ಕ ಗಂಜಿಯ ತಟ್ಟೆ ನನ್ನ ಮುಂದಿಟ್ಟು ತಾವು ನಿಂತೇ ಇದ್ದರು.

“ನಾ ಎರ್ಡ್ ಬಂಗ್ಡಿ ಇಡ್ತೆ. ಬಾವಿ ಬದಿ ಕಲ್ಲಿನ್ ಮೇಲೆ.”

“ಬ್ಯಾಡ ಅಕ್ಕ. ಮನ್ಷ್ರ್ ಮೀನ್ ಇಡ್ತ್ರ್ ಅಂತ ಅದ್ ಕಲಿತ್ರೆ ನಾಳೆ ಮತ್ತೊಂದ್ ಅಂಗಳಕ್ ಹೋತ್ತ್. ಅಲ್ ಮೀನ್ ಇರುದಿಲ್ಲ, ಕಲ್ಲ್ ಬೀಳತ್ತ್.”

“ಹಂಗಂತ ಅದ್ ಸಾಯ್ಲಿ ಅಂತ ಕಾಣ್ತಾ ಕೂಕಂಬುದಾ?”

ನಾನು ಗಂಜಿಗೆ ಉಪ್ಪಿನಕಾಯಿ ಕಲಸಿದೆ.

“ನೀನ್ ಎಂತ ಮನ್ಷಿ ಮಾರಾಯ್ತಿ? ಆ ಮರಿ ಕೂಗುದ್ ನಂಗ್ ಅಡ್ಗಿ ಮನಿ ಒಳ್ಗ್ ಕೇಂತಿತ್ತ್. ನಿಂಗ್ ಕೇಂತಿಲ್ಯಾ?”

ಕೇಳುತ್ತಿತ್ತು. ಅವರಿಗಿಂತ ಹತ್ತಿರದಲ್ಲಿ, ಯಂತ್ರದ ಮೂಲಕ, ಕೇಳುತ್ತಿತ್ತು. ಆದರೆ ಇಷ್ಟು ವರ್ಷ ನಾನು ಹಿಡಿದುಕೊಂಡು ಬಂದದ್ದು ಒಂದೇ ಮಾತು, ಕೈ ಹಾಕಬಾರದು. ಅದನ್ನು ಬಿಟ್ಟರೆ ವಂಡ್ಸೆಯ ಆ ಅಂಗಳದಿಂದ ನಾನು ಎದ್ದು ಬಂದದ್ದಾದರೂ ಯಾಕೆ? ಹೀಗೆ ಹೇಳಿದ್ದರೆ ಅಕ್ಕನಿಗೆ ಅರ್ಥವಾಗುತ್ತಿತ್ತೋ ಏನೋ. ಹೇಳಲಿಲ್ಲ. ಅರ್ಧ ಉಂಡು ಎದ್ದೆ. ಆ ದಿನ ಮೊದಲ ಬಾರಿಗೆ ಅವರು ನಾನು ಹೊರಡುವಾಗ ಜಗಲಿಗೆ ಬರಲಿಲ್ಲ.

ಮರುದಿನ ಹಟ್ಟಿಯಂಗಡಿಯ ಹತ್ತಿರ ಒಂದು ಮದುವೆ ಒಪ್ಪಿಕೊಂಡಿದ್ದೆ, ತಪ್ಪಿಸುವಂತಿರಲಿಲ್ಲ. ಧಾರೆಯ ಹೊತ್ತಿನಲ್ಲಿ ಹುಡುಗಿಯ ಅಮ್ಮ ಅಳುವುದನ್ನು ಹಿಡಿಯುತ್ತಿದ್ದೆ. ಎಲ್ಲರೂ ಒಬ್ಬರ ಹೆಗಲ ಮೇಲೆ ಇನ್ನೊಬ್ಬರು ಕೈ ಹಾಕಿ ನಿಂತಿದ್ದರು. ಅಷ್ಟು ಜನರ ನಡುವೆ ನನ್ನನ್ನು ಯಾರೂ ನೋಡುತ್ತಿರಲಿಲ್ಲ, ಕ್ಯಾಮೆರಾ ಹಿಡಿದವರನ್ನು ಯಾರೂ ನೋಡುವುದಿಲ್ಲ. ಊಟಕ್ಕೆ ಕರೆದರು. ಎಲೆಯ ಮುಂದೆ ಕೂತರೂ ಆ ಮರಿ ಬದುಕಿದೆಯೋ ಇಲ್ಲವೋ ಎಂಬುದೇ ತಲೆಯಲ್ಲಿತ್ತು.

ಮಾರನೆಯ ಬೆಳಿಗ್ಗೆ ಗೋಣಿ ಸರಿಸಿ ನೋಡಿದಾಗ ಮರಿ ಇತ್ತು. ತಾಯಿ ಗೂಡಿನ ಅಂಚಿನಲ್ಲಿ ನಿಂತು ಕೆಳಗೆ ನೋಡುತ್ತಿತ್ತು. ಅದು ನೋಡುತ್ತಿದ್ದ ಕಡೆಗೆ ಲೆನ್ಸು ತಿರುಗಿಸಿದೆ. ಬಾವಿಯ ಬದಿಯ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಎರಡು ಬಂಗುಡೆ, ಬಿಸಿಲಿಗೆ ಹೊಳೆಯುತ್ತಿದ್ದವು. ನಾನು ಏನೆಂದು ಯೋಚಿಸುವ ಮೊದಲೇ ಕೈ ಗುಂಡಿ ಒತ್ತಿತ್ತು. ಹದ್ದು ಇಳಿಯಿತು. ಅಷ್ಟು ದೊಡ್ಡ ಹಕ್ಕಿ ಒಂದು ಬಾವಿಕಟ್ಟೆ ಮತ್ತು ಒಂದು ತುಳಸಿಕಟ್ಟೆಯ ನಡುವೆ ರೆಕ್ಕೆ ಮಡಚಿ ಇಳಿದದ್ದನ್ನು ನಾನು ಹಿಂದೆ ಕಂಡಿಲ್ಲ, ಮುಂದೆ ಕಾಣುವುದೂ ಇಲ್ಲ. ಒಂದನ್ನು ಹಿಡಿದು ಎದ್ದುಹೋಯಿತು. ಮರಿಯ ಅರಚಾಟ ನಿಂತಿತು.

ನಾನು ಕೆಳಗಿಳಿದು ಹೋದೆ. ಅಕ್ಕ ಅಡುಗೆಮನೆಯ ಬಾಗಿಲ ಹಿಂದೆ, ಬಾಯಿಗೆ ಸೆರಗು ಒತ್ತಿ ಹಿಡಿದು ನಿಂತಿದ್ದರು.

“ತಿಂತ್! ಕಂಡ್ಯಾ? ನಿನ್ನೆ ಮುಟ್ಲಿಲ್ಲ. ಇವತ್ತ್ ತಿಂತ್!”

“ಹೀಂಗ್ ಮಾಡುಕಾಗ ಅಕ್ಕ.”

“ಮಾಡಿಯಾಯ್ತ್,” ಎಂದರು. ಕಣ್ಣು ತುಂಬಿತ್ತು. ಸಿಟ್ಟು ಬರಬೇಕಾಗಿತ್ತು, ಬರಲಿಲ್ಲ. ಜಗಲಿಯ ಮೇಲೆ ಕೂತೆವು. ಸ್ವಲ್ಪ ಹೊತ್ತಿನ ಮೇಲೆ ಅವರೇ, “ಹಂಗಾರೆ ಎಷ್ಟ್ ದಿನ ಇಡ್ಲಕ್ಕ್?” ಎಂದು ಕೇಳಿದರು, ನನ್ನ ಒಪ್ಪಿಗೆ ಬೇಕಿತ್ತೆಂಬ ಹಾಗೆ. ಮರಿಗೆ ಕಾಗೆಯನ್ನು ಎದುರಿಸುವಷ್ಟು ಬಲ ಬರುವ ತನಕ, ಆಮೇಲೆ ಒಂದು ದಿನವೂ ಬೇಡ, ಎಂದೆ. ಹೇಳಿದ ಮೇಲೆ ಗೊತ್ತಾಯಿತು, ನಾನೂ ಕೈ ಹಾಕಿದ್ದೆ.

ಕೆಲವೇ ದಿನ. ಮರಿ ಕೊಕ್ಕು ತೆರೆದು ರೆಕ್ಕೆ ಹರಡಿ ಕಾಗೆಗಳನ್ನು ಹಿಮ್ಮೆಟ್ಟಿಸಲು ಕಲಿತ ಮೇಲೆ ತಾಯಿ ಮತ್ತೆ ಕಡಲಿಗೆ ಹೋಗತೊಡಗಿತು. ಅಕ್ಕ ಮಾತಿಗೆ ತಪ್ಪದೆ ನಿಲ್ಲಿಸಿದರು. ಹದ್ದು ಒಂದೆರಡು ಬೆಳಿಗ್ಗೆ ಕಲ್ಲಿನ ಕಡೆ ನೋಡಿತು. ಅಕ್ಕ ಆ ಬೆಳಿಗ್ಗೆಗಳಲ್ಲಿ ಹೊರಗೇ ಬರಲಿಲ್ಲ, ಒಳಗೆ ಕೂತು ಟೀವಿ ಹಾಕಿಕೊಂಡರು. ಬೇಸಿಗೆಯ ಮೊದಲ ಸೆಕೆಯ ದಿನಗಳಲ್ಲಿ ಮರಿ ಗೆಲ್ಲಿನಿಂದ ಗೆಲ್ಲಿಗೆ ಹಾರಿ, ತೆಂಗಿನ ತಲೆಗೆ ಹಾರಿ, ಒಂದು ದಿನ ಹೊಳೆ ದಾಟಿತು.

ಚಿತ್ರ ಜೋಡಿಸಿ ಮುಂಬಯಿಗೆ ಕಳಿಸಿದೆ. ಬಂಗುಡೆಯ ಭಾಗವನ್ನು ಇದ್ದ ಹಾಗೇ ಇಟ್ಟಿದ್ದೆ, ಕಲ್ಲು, ಬಾವಿಕಟ್ಟೆ ಎಲ್ಲ ಕಾಣುವಂತೆ. ಈ ಮೀನನ್ನು ಮನೆಯವರು ಇಟ್ಟದ್ದು ಎಂದು ನನ್ನ ದನಿಯಲ್ಲೇ ಹೇಳಿದ್ದೆ. ಅಲ್ಲಿಯ ಮುಖ್ಯಸ್ಥರು ವಿಡಿಯೋ ಕರೆಯಲ್ಲಿ ಸಿಕ್ಕರು. ಒಳ್ಳೆಯ ಮನುಷ್ಯ, ಮೃದು ಮಾತು. ಚಿತ್ರ ನೋಡಿ ಕಣ್ಣು ಒದ್ದೆಯಾಯಿತೆಂದರು. ಎರಡೇ ಬದಲಾವಣೆ ಸಾಕು ಎಂದರು. ಕಲ್ಲು ಕಾಣದ ಹಾಗೆ ಆ ದೃಶ್ಯ ಕತ್ತರಿಸಿ, ತಾಯಿ ತಾನೇ ಬೇಟೆಯಾಡಿ ತಂದಿತು ಎನ್ನಬೇಕು. ಕೊನೆಗೆ ಹಳೆಯ ವರ್ಷದ ತುಣುಕೊಂದನ್ನು ಹಾಕಿ, ಗಂಡು ಮರಳಿ ಬಂತು ಎಂದು ತೋರಿಸಬೇಕು.

“ಅದು ಬರಲಿಲ್ಲವಲ್ಲ,” ಎಂದೆ.

“ಅದು ನಿಮಗೆ ಗೊತ್ತು. ನೋಡುವವರಿಗೆ ಒಂದು ಸಮಾಧಾನ ಬೇಡವೇ?”

ಉತ್ತರ ಹೇಳಲು ಒಂದು ದಿನ ಕೇಳಿದೆ. ಮರುದಿನ ಸ್ಕೂಟರು ಹತ್ತಿ ಅಕ್ಕನ ಮನೆಗೆ ಹೋದೆ. ಅವರಿಗೆ ಎಲ್ಲ ಹೇಳಿ, ಮೀನು ಇಟ್ಟದ್ದು ನೀವು ಎಂದು ಜನಕ್ಕೆ ಗೊತ್ತಾದರೆ ನಿಮಗೆ ಬೇಸರವೇ ಎಂದು ಕೇಳಿದೆ. ಬೇಸರ ಎಂದಿದ್ದರೆ ಆ ಭಾಗವನ್ನಾದರೂ ಕತ್ತರಿಸಲು ನನಗೊಂದು ನೆಪ ಸಿಗುತ್ತಿತ್ತು. ನನಗೆ ಆ ಕೆಲಸ ಬೇಕಾಗಿತ್ತು.

“ನಾನ್ ಇಟ್ಟದ್ದನ್ನ ಇಟ್ಟಿದ್ದ್ ಅಂತ್ಲೇ ಹೇಳ್. ನಾನೇನ್ ಕದ್ದದ್ದಾ?” ಎಂದರು. ಆಮೇಲೆ, “ಗಂಡ್ ಹದ್ದ್ ಬಂತ್ ಅಂತ ಮಾತ್ರ ಹೇಳ್ಬ್ಯಾಡ ಹೆಣೇ. ಬರ್ದಿದ್ದವ್ರನ್ನ ಬಂದ್ರ್ ಅಂತ ಹ್ಯಾಂಗೆ ಹೇಳುದ್? ಆ ಹೆಣ್ಣ್ ಎಷ್ಟ್ ದಿನ ಕೂಗ್ತ್, ನಾವಿಬ್ರೇ ಅಲ್ದಾ ಕೇಂಡದ್ದ್?”

ಮುಂಬಯಿಗೆ ಆಗುವುದಿಲ್ಲ ಎಂದೆ. ಆ ಕಡೆಯಿಂದ ಜಗಳವೇನೂ ಬರಲಿಲ್ಲ. ನಿಮ್ಮ ನಿಲುವಿಗೆ ಗೌರವವಿದೆ ಎಂದರು, ಚಿತ್ರವನ್ನು ಕೈಬಿಟ್ಟರು.

ಹಾಗಾಗಿ ಅದು ಮೊದಲು ತೆರೆಕಂಡದ್ದು ಅಕ್ಕನ ಹಳೆಯ ಮನೆಯ ಟೀವಿಯಲ್ಲಿ. ಗಂಡ ಊರಿಗೆ ಬಂದಿದ್ದರು. ನೋಡಿದವರು ನಾವು ಮೂವರೇ. ಬಂಗುಡೆಯ ಭಾಗ ಬಂದಾಗ ಅವರು ಹೆಂಡತಿಯ ಕಡೆ ತಿರುಗಿ, “ನಂಗ್ ಹಾಕುದ್ ಹಳೇ ಸಾರ್, ಹದ್ದಿಗ್ ತಾಜಾ ಬಂಗ್ಡಿಯಾ?” ಎಂದರು. ಅಕ್ಕ ನಗಲಿಲ್ಲ. ಮುಗಿದ ಮೇಲೆ ಗಂಡ ಎದ್ದು ಎದೆ ಉಜ್ಜಿಕೊಳ್ಳುತ್ತಾ, “ಪೂರಾ ಮರ ಒಂದೇ ಬದಿಯಿಂದ ಕಾಂತ್ ಅಲ್ದಾ?” ಎಂದಷ್ಟೇ ಹೇಳಿದರು. ಆಮೇಲೆ ಉಡುಪಿಯ ಕಡೆ ಒಂದೆರಡು ಕಾಲೇಜುಗಳಲ್ಲಿ ತೋರಿಸಿದೆ. ಒಬ್ಬ ಹುಡುಗಿ ಹತ್ತಿರ ಬಂದು, ಮೀನು ಇಟ್ಟದ್ದು ಸರಿಯೇ ತಪ್ಪೇ ಎಂದು ಕೇಳಿದಳು. ಗೊತ್ತಿಲ್ಲ ಎಂದೆ. ಅವಳಿಗೆ ನಿರಾಸೆಯಾಯಿತು.

ಆ ಮಳೆಗಾಲದಲ್ಲಿ ಗೂಡು ಬಿತ್ತು. ಬೆಳಗಾಗುವಾಗ ಮರದ ಬುಡದಲ್ಲಿ ಒಂದು ಗಾಡಿ ಕಟ್ಟಿಗೆ ಬಿದ್ದಿತ್ತಂತೆ, ಅಕ್ಕ ಫೋನಿನಲ್ಲಿ ಹೇಳಿದರು. ಅದೇ ಫೋನಿನಲ್ಲಿ ಇನ್ನೊಂದು ಸುದ್ದಿಯನ್ನೂ ಹೇಳಿದರು. ಗಂಡನಿಗೆ ಎದೆನೋವು ಜೋರಾಗಿ ಆಸ್ಪತ್ರೆ ಸೇರಿದ್ದಾರೆ, ತಾನು ಬೊಂಬಾಯಿಗೆ ಹೊರಟೆ, ಯಾವಾಗ ತಿರುಗಿ ಬಪ್ಪುದೋ ಗೊತ್ತಿಲ್ಲ. ಕುಂದಾಪುರದ ಸ್ಟೇಷನ್ನಿಗೆ ಹೋಗಿ ರೈಲು ಹತ್ತಿಸಿದೆ. ಒಂದು ಸೂಟ್‌ಕೇಸು, ಒಂದು ಚೀಲ ತೆಂಗಿನಕಾಯಿ. ಕಿಟಕಿಯಿಂದ ಏನೋ ಹೇಳಿದರು, ಮಳೆಯ ಸದ್ದಿನಲ್ಲಿ ಕೇಳಲಿಲ್ಲ. ಕೇಳಿದವಳ ಹಾಗೆ ತಲೆಯಾಡಿಸಿದೆ.

ಮಳೆ ಮುಗಿದು ಬಿಸಿಲು ಬಂದಾಗ ಕಾಲು ತಾನಾಗಿ ಆ ಕಡೆ ಎಳೆಯಿತು. ಎರಡೂ ಮನೆಗೆ ಬೀಗ. ಹಿಂದಿನ ಮೆಟ್ಟಿಲಿನಿಂದ ಹೊಸ ಮನೆಯ ಮಾಳಿಗೆ ಹತ್ತಿ ಗೋಣಿಯ ಹಿಂದೆ ಒಂದು ವಾರ ಕೂತೆ. ಮಾವಿನ ಮರದಲ್ಲಿ ಗರುಡ ಬಂದು ಕೂತಿತು, ಗಿಳಿಗಳು ಬಂದವು. ಆಮೇಲೊಂದು ಬೆಳಿಗ್ಗೆ ಹೊಳೆಯ ಆಚೆ, ಕುದ್ರು ಎನ್ನುವ ನಡುನೀರಿನ ದಿಬ್ಬದ ಮೇಲ್ಗಡೆ, ಎರಡು ದೊಡ್ಡ ಹದ್ದುಗಳು ಹಾರುವುದು ಕಂಡಿತು. ಗಾತ್ರದಲ್ಲಿ ದೊಡ್ಡದಿದ್ದದ್ದು ಕಾಲಿನಲ್ಲಿ ಉದ್ದನೆಯ ಕಡ್ಡಿಯೊಂದನ್ನು ಹಿಡಿದಿತ್ತು. ಅದು ನಮ್ಮ ಹೆಣ್ಣೇ ಎಂದು ಆಣೆ ಇಟ್ಟು ಹೇಳಲಾರೆ. ಎರಡೂ ಕುದ್ರುವಿನ ಗಿಡಗಳ ಹಿಂದೆ ಇಳಿದವು.

ದೋಣಿ ಸಿಗುತ್ತಿತ್ತು. ಆದರೆ ಆ ಕುದ್ರು ಅಂಗೈಯಗಲ. ಎಲ್ಲಿ ಮರೆ ಕಟ್ಟಿ ಕೂತರೂ ಗೂಡಿಗೆ ಹತ್ತಿರವೇ ಆಗುತ್ತದೆ, ಹೊಸದಾಗಿ ಕೂಡಿದ ಜೋಡಿ ಗಾಬರಿಯಾಗಿ ಬಿಟ್ಟುಹೋಗುತ್ತದೆ. ಕ್ಯಾಮೆರಾ ಚೀಲಕ್ಕೆ ಹಾಕಿದೆ. ಗೋಣಿಚೀಲ ಬಿಚ್ಚಿ ಮಡಚಿ ಮೂಲೆಯಲ್ಲಿಟ್ಟೆ. ಕಿಟಕಿಯಿಂದ ಒಮ್ಮೆಲೇ ಅಷ್ಟು ಬೆಳಕು ಬಂದು ಕೋಣೆ ಬೇರೆಯದೇ ಕಂಡಿತು.

ಕೆಲವು ದಿನ ಕಳೆದ ಮೇಲೆ ಅಕ್ಕ ಫೋನು ಮಾಡಿದರು. ಹಿಂದೆ ಬೊಂಬಾಯಿಯ ವಾಹನಗಳ ಸದ್ದು. ಗಂಡ ಈಗ ಎದ್ದು ಓಡಾಡುತ್ತಾರೆ, ಹೋಟೆಲಿಗೆ ಹೋಗಬಾರದೆಂದಿದ್ದಾರೆ ಡಾಕ್ಟರು, ಮನೆಯಲ್ಲಿ ಕೂತು ತನ್ನ ಜೀವ ತಿನ್ನುತ್ತಾರೆ ಎಂದರು. ಆಮೇಲೆ ಕೇಳಿದರು:

“ಬಂತಾ?”

“ಬಂದಿತ್ತ್ ಅಕ್ಕ. ನಮ್ ಮರಕ್ಕಲ್ಲ. ಹೊಳಿ ಆಚಿಗ್, ಕುದ್ರಿಗೆ.”

“ಒಂದೇಯಾ?”

“ಅಲ್ಲ. ಎರ್ಡ್ ಇತ್ತ್.”

ಬಹಳ ಹೊತ್ತು ವಾಹನಗಳ ಸದ್ದಷ್ಟೇ ಬರುತ್ತಿತ್ತು. ಕರೆ ಕಡಿಯಿತೇನೋ ಎಂದುಕೊಂಡು “ಅಕ್ಕ?” ಎಂದೆ.

“ಇದ್ದೆ,” ಎಂದರು. “ನಿಂದ್ ಊಟ ಆಯ್ತಾ?”

ಆಯಿತು ಎಂದೆ. ಫೋನು ಇಟ್ಟ ಮೇಲೆ ಎದ್ದು ಅನ್ನಕ್ಕೆ ಇಟ್ಟೆ.